ತೋಳಕ್ಕೆ ಕನ್ನಡ ಬರುತ್ತಾ?

ಹೋದ ಸಂಚಿಕೆಯಲ್ಲಿ ನಮ್ಮ ಮನೆಯ ಅಟ್ಟದಿಂದ ಇಳಿಸಿದ ಫ್ರೆಂಚ್ ಚಿತ್ರಪುಸ್ತಕಗಳ ಪೆಟ್ಟಿಗೆ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಉಪ್ಪಿನಕಾಯಿ ಬಗ್ಗೆ ಬರೆದಾಗಲೂ ಇಷ್ಟು ಪತ್ರ ಬಂದಿರಲಿಲ್ಲ. ಹಾಗಾಗಿ ಈ ಸಲದ ಅಂಕಣ ಪೂರ್ತಿ ಅದಕ್ಕೇ. ಹೊಸ ಓದುಗರಿಗೆ ಒಂದು ಮಾತು: ನಾನು 2006ರಿಂದ 2015ರವರೆಗೆ ಫ್ರಾನ್ಸಿನ ತುಲೂಸ್‌ನಲ್ಲಿದ್ದೆ. ಮನೆಯವರಿಗೆ ಅಲ್ಲಿ ಕೆಲಸ, ಮಗಳು ಹುಟ್ಟಿದ್ದು ಅಲ್ಲೇ. ಈಗ ಮೈಸೂರಿನ ಸರಸ್ವತಿಪುರಂನಲ್ಲಿ ಮಕ್ಕಳಿಗೆ ಮನೆಯಲ್ಲೇ ಫ್ರೆಂಚ್ ಹೇಳಿಕೊಡುತ್ತೇನೆ.

ಪ್ರಶ್ನೆ: ಅಕ್ಕಾ, ನಾವು ಹಾಸನದವರು. ಕೆನಡಾದ ಮಾಂಟ್ರಿಯಲ್‌ಗೆ ಬಂದು ಒಂದೂವರೆ ವರ್ಷ ಆಯಿತು. ಇಲ್ಲೇ ಕಾಯಂ ಆಗಿ ನೆಲೆಸೋಕೆ ಪಿ.ಆರ್. ಸಿಕ್ಕಿದೆ. ಮಗನಿಗೆ ನಾಲ್ಕೂವರೆ, ಫ್ರೆಂಚ್ ಶಾಲೆಗೆ ಹೋಗುತ್ತಾನೆ. ಪ್ರತಿ ಶುಕ್ರವಾರ ಶಾಲೆಯಿಂದ ಒಂದು ಚಿತ್ರಪುಸ್ತಕ ಕೊಟ್ಟು ಕಳಿಸುತ್ತಾರೆ. ನನ್ನ ಫ್ರೆಂಚ್ ಅಷ್ಟಕ್ಕಷ್ಟೇ. ಓದಿದರೆ ಮಗ ತಿದ್ದುತ್ತಾನೆ, ಓದದಿದ್ದರೆ ಮುಖ ಸಣ್ಣ ಮಾಡುತ್ತಾನೆ. ಫ್ರೆಂಚ್ ಇಂಗ್ಲಿಷ್ ಎರಡೂ ಇರುವ ಪುಸ್ತಕ ಕೊಳ್ಳಲಾ? ಸ್ವಲ್ಪ ದಿನ ಕನ್ನಡ ಬಿಟ್ಟುಬಿಡಲಾ?
— ಒಬ್ಬ ಅಮ್ಮ, ಮಾಂಟ್ರಿಯಲ್

ಉತ್ತರ: ಕೊನೆಯ ಪ್ರಶ್ನೆಗೆ ಮೊದಲು ಉತ್ತರ ಹೇಳಿಬಿಡುತ್ತೇನೆ. ಬಿಡಬೇಡಿ, ತಂಗಿ.

ನಾನು ಬಿಟ್ಟು ನೋಡಿದವಳು. ಮಗಳಿಗೆ ಮೂರು ತುಂಬಿದಾಗ ಅಲ್ಲಿನ ಮಾತೆರ್ನೆಲ್‌ಗೆ, ಅಂದರೆ ಶಿಶುಶಾಲೆಗೆ ಸೇರಿಸಿದೆವು. (ಈಗಂತೂ 2019ರಿಂದ ಫ್ರಾನ್ಸಿನಲ್ಲಿ ಮೂರು ವರ್ಷಕ್ಕೇ ಶಿಕ್ಷಣ ಕಡ್ಡಾಯ.) ಮೊದಲ ನಾಲ್ಕು ತಿಂಗಳು ಅವಳು ಅಲ್ಲಿ ತುಟಿ ಬಿಚ್ಚಲಿಲ್ಲ. ಅಲ್ಲಿಯವರೊಬ್ಬರು ನನ್ನನ್ನು ಕರೆದು, ಮನೆಯಲ್ಲೂ ಫ್ರೆಂಚೇ ಮಾತಾಡಿ ಎಂದರು. ಹೆದರಿ ಎರಡು ವಾರ ಹಾಗೇ ಮಾಡಿದೆ. ಆ ಎರಡು ವಾರ ನಮ್ಮ ಮನೆಯಲ್ಲಿ ಮಾತೇ ಇರಲಿಲ್ಲ ಅನ್ನಬೇಕು. ಬಾ, ಕೂತ್ಕೋ, ತಿನ್ನು, ಮಲಕ್ಕೋ. ನನಗೆ ಬರುತ್ತಿದ್ದ ಫ್ರೆಂಚ್ ಅಷ್ಟೇ ತಾನೇ? ಸಿಟ್ಟು ಬಂದರೆ ಬೈಯೋಕೂ ಶಬ್ದ ಇಲ್ಲ, ಮುದ್ದು ಮಾಡೋಕೂ ಇಲ್ಲ.

ಮೂರನೇ ವಾರ ರೈಲು ನಿಲ್ದಾಣದ ಪಕ್ಕದ ಜೋಸೆ ಕಬಾನಿಸ್ ಗ್ರಂಥಾಲಯದಿಂದ ಒಂದು ತೋಳದ ಪುಸ್ತಕ ತಂದಿದ್ದೆ. ರಾತ್ರಿ ಮಲಗಿಸುವಾಗ ಸುಸ್ತಾಗಿತ್ತು. ಫ್ರೆಂಚ್ ಸಾಲುಗಳನ್ನು ಬದಿಗಿಟ್ಟು, ಚಿತ್ರ ನೋಡಿಕೊಂಡು ಬಾಯಿಗೆ ಬಂದ ಹಾಗೆ ಕನ್ನಡದಲ್ಲಿ ಕತೆ ಹೇಳಿದೆ. ಮಗಳು ದಿಂಬಿನಿಂದ ತಲೆ ಎತ್ತಿದಳು.

'ಅಮ್ಮಾ, ತೋಳಕ್ಕೆ ಕನ್ನಡ ಬರುತ್ತಾ?'

'ಬರುತ್ತೆ ಪುಟ್ಟಾ, ಅದು ಕೊಪ್ಪಳದ ತೋಳ' ಅಂದೆ.

ಸುಳ್ಳೇನಲ್ಲ, ಕೊಪ್ಪಳದ ಬಯಲಲ್ಲಿ ಇವತ್ತಿಗೂ ತೋಳಗಳಿವೆ. ಫ್ರಾನ್ಸಿನಲ್ಲಿ ಅವು ಪೂರ್ತಿ ಇಲ್ಲವಾಗಿ, 1992ರಲ್ಲಿ ಇಟಲಿ ಕಡೆಯಿಂದ ಮೆರ್ಕಾಂತೂರ್ ಬೆಟ್ಟಗಳಿಗೆ ಮತ್ತೆ ಬಂದವು. ಅಲ್ಲಿನ ಮಕ್ಕಳ ಪುಸ್ತಕಗಳನ್ನು ಬಿಟ್ಟು ಮಾತ್ರ ಅವು ಒಂದು ದಿನವೂ ಹೋಗಿಲ್ಲ. ನಮ್ಮ ಕತೆಗಳಿಗೆ ನರಿ ಹೇಗೋ ಅವರ ಕತೆಗಳಿಗೆ ತೋಳ ಹಾಗೆ. ಆ ರಾತ್ರಿ ಕೊಪ್ಪಳದ ತೋಳದ ಕತೆಯನ್ನು ಮೂರು ಸಲ ಹೇಳಬೇಕಾಯಿತು. ಮಾರನೇ ದಿನದಿಂದ ಮನೆಯಲ್ಲಿ ಮತ್ತೆ ಕನ್ನಡ. ಶಾಲೆಯಲ್ಲಿ ಅವಳು ಬಾಯಿ ಬಿಡೋದಕ್ಕೆ ಇನ್ನೂ ಎರಡು ತಿಂಗಳು ಹಿಡಿಯಿತು. ಬಿಟ್ಟ ಮೇಲೆ ಮುಚ್ಚಿಸೋದೇ ಕಷ್ಟ ಆಯಿತು, ಅದು ಬೇರೆ ಕತೆ.

ನಿಮ್ಮ ಮಗನ ಫ್ರೆಂಚ್ ಬಗ್ಗೆ ಚಿಂತೆ ಬೇಡ. ನಿಮ್ಮ ಮಾಂಟ್ರಿಯಲ್ ಇರುವ ಕ್ವಿಬೆಕ್ ಪ್ರಾಂತ್ಯದಲ್ಲಿ 1977ರಲ್ಲಿ ಭಾಷಾ ಕಾಯ್ದೆ ತಂದು, ವಲಸೆ ಬಂದವರ ಮಕ್ಕಳೂ ಫ್ರೆಂಚಿನಲ್ಲೇ ಓದುವ ಹಾಗೆ ಮಾಡಿದ್ದಾರೆ. ಫ್ರೆಂಚ್ ಕಲಿಸೋದಕ್ಕೆ ಶಾಲೆ, ಬೀದಿ, ಟಿ.ವಿ., ಜೊತೆಗಾರರು ಎಲ್ಲ ಇದ್ದಾರೆ. ಕನ್ನಡಕ್ಕೆ ನೀವು ಗಂಡ ಹೆಂಡತಿ ಇಬ್ಬರೇ.

ಈಗ ಪುಸ್ತಕದ ವಿಷಯ. ಶುಕ್ರವಾರ ಬಂದ ಪುಸ್ತಕವನ್ನು ಶನಿವಾರ ಕನ್ನಡದಲ್ಲಿ ಹೇಳಿ. ಓದಬೇಕಿಲ್ಲ, ಚಿತ್ರ ನೋಡಿ ಹೇಳಿದರೆ ಸಾಕು. ಭಾನುವಾರ ಫ್ರೆಂಚಿನಲ್ಲಿ ಓದಿ, ಇಲ್ಲವೇ ಅವನ ಕೈಲೇ ಹೇಳಿಸಿ. ಒಂದು ಸಾಲು ಫ್ರೆಂಚ್, ತಕ್ಷಣ ಅದರ ಕನ್ನಡ, ಮತ್ತೊಂದು ಸಾಲು ಫ್ರೆಂಚ್ ಅನ್ನೋ ಪದ್ಧತಿ ಮಾತ್ರ ಬೇಡ. ನಾನು ಅದನ್ನೂ ಮಾಡಿದ್ದೇನೆ. ಕನ್ನಡ ಹೇಗೂ ಬರುತ್ತೆ ಅಂತ ಗೊತ್ತಾದ ಕೂಡಲೇ ಮಗು ಫ್ರೆಂಚ್ ಸಾಲು ಬಂದಾಗ ಗೋಡೆ ನೋಡುತ್ತದೆ. ಕತೆಯ ಓಟವೂ ಕೆಡುತ್ತದೆ, ಹಳ್ಳ ಬಿದ್ದ ರಸ್ತೆಯಲ್ಲಿ ಬಸ್ಸು ಹೋದ ಹಾಗೆ.

ಫ್ರೆಂಚ್ ಇಂಗ್ಲಿಷ್ ಪುಸ್ತಕ ಬೇಕಿದ್ದರೆ ಒಂದೆರಡು ತಗೊಳ್ಳಿ. ಆದರೆ ಆ ಇಂಗ್ಲಿಷ್ ಸಾಲು ನಿಮಗೆ, ಅವನಿಗಲ್ಲ. ಹಿಂದಿನ ರಾತ್ರಿ ನೀವೊಬ್ಬರೇ ಓದಿಕೊಂಡು ಅರ್ಥ ಮಾಡಿಕೊಳ್ಳಿ, ಅಷ್ಟೇ. ಇದಕ್ಕಿಂತ ಒಳ್ಳೆಯ ದಾರಿ ಇನ್ನೊಂದಿದೆ. ಒಂದೇ ಕತೆಯ ಎರಡು ಪುಸ್ತಕ ಗ್ರಂಥಾಲಯದಿಂದ ತನ್ನಿ. ನಿಮ್ಮೂರಿನವರೇ ಆದ ಮರಿಯಾನ್ ದ್ಯುಬುಕ್ ಬರೆದು ಚಿತ್ರಿಸಿದ 'ಲೋಟೊಬ್ಯುಸ್' ಫ್ರೆಂಚಿನಲ್ಲೂ ಇದೆ, ಇಂಗ್ಲಿಷಿನಲ್ಲೂ ಇದೆ. ಪುಟ್ಟ ಹುಡುಗಿಯೊಬ್ಬಳು ಮೊದಲ ಸಲ ಒಬ್ಬಳೇ ಬಸ್ಸು ಹತ್ತಿ ಅಜ್ಜಿ ಮನೆಗೆ ಹೋಗುತ್ತಾಳೆ, ಬಸ್ಸಿನ ತುಂಬ ಪ್ರಾಣಿಗಳು. ಮಾತು ಕಡಿಮೆ, ನೋಡೋದು ಜಾಸ್ತಿ. ಅದನ್ನು ಹಾಸನದಿಂದ ಸಕಲೇಶಪುರಕ್ಕೆ ಹೋಗುವ ಬಸ್ಸು ಮಾಡಿಕೊಂಡು ಹೇಳಿ, ಯಾರು ಬೇಡ ಅಂತಾರೆ? ಬೆರಿ ಬೀದಿಯಲ್ಲಿ 2005ರಲ್ಲಿ ತೆರೆದ ಗ್ರಾಂದ್ ಬಿಬ್ಲಿಯೊತೆಕ್ ಅನ್ನೋ ದೊಡ್ಡ ಗ್ರಂಥಾಲಯದಲ್ಲಿ ಮಕ್ಕಳಿಗೇ ಒಂದು ವಿಭಾಗ ಇದೆ, ಕ್ವಿಬೆಕ್‌ನಲ್ಲಿ ಇರುವವರಿಗೆ ಕಾರ್ಡಿಗೆ ದುಡ್ಡಿಲ್ಲ.

ಉಚ್ಚಾರಣೆ. ಮಗ ತಿದ್ದಿದರೆ ತಿದ್ದಿಸಿಕೊಳ್ಳಿ. ಫ್ರೆಂಚಿನಲ್ಲಿ 'ಮೇಲೆ' ಅನ್ನೋದು ದೆಸ್ಯು, 'ಕೆಳಗೆ' ಅನ್ನೋದು ದೆಸೂ. ನನ್ನ ಬಾಯಲ್ಲಿ ಎರಡೂ ದೆಸೂ. ಬೆಕ್ಕು ಮೇಜಿನ ಮೇಲೆ ಕೂತಿದೆ ಅಂತ ನಾನು ಓದಿದರೆ ಮಗಳು ಪುಸ್ತಕ ತಲೆಕೆಳಗು ಮಾಡಿ 'ಈಗ ಸರಿ' ಅನ್ನುತ್ತಿದ್ದಳು. ಕೊನೆಗೆ ಅವಳೇ ಹೇಳಿಕೊಟ್ಟದ್ದು: 'ಊ' ಅನ್ನೋ ಹಾಗೆ ತುಟಿ ಉಂಡೆ ಮಾಡಿ ಒಳಗಿಂದ 'ಈ' ಅನ್ನಬೇಕು. ಕನ್ನಡಿ ಮುಂದೆ ನಿಂತು ಪ್ರಯತ್ನಿಸಿ. ನಿಮ್ಮ ಓದಿನಿಂದ ಅವನ ಉಚ್ಚಾರಣೆ ಕೆಡೋದಿಲ್ಲ, ಅದನ್ನು ಅವನು ಜೊತೆಗಾರರಿಂದ ಕಲಿತಾಗಿದೆ. ನಿಮ್ಮ ಮಡಿಲಲ್ಲಿ ಕೂತು ಅಮ್ಮನಿಗೆ ಟೀಚರ್ ಆಗೋದು ಅವನಿಗೂ ಇಷ್ಟ ಅಲ್ವಾ?

ಇನ್ನೊಂದು ಎಚ್ಚರಿಕೆ, ಇದನ್ನು ಯಾರೂ ಹೇಳೋದಿಲ್ಲ. ಫ್ರಾನ್ಸಿನಲ್ಲಿ ಅಚ್ಚಾದ ಪುಸ್ತಕದ ಊಟ ತಿಂಡಿ ನಿಮ್ಮೂರಲ್ಲಿ ಹೊಂದೋದಿಲ್ಲ. ಫ್ರಾನ್ಸಿನವರಿಗೆ ದೆಜುನೆ ಅಂದರೆ ಮಧ್ಯಾಹ್ನದ ಊಟ, ದಿನೆ ಅಂದರೆ ರಾತ್ರಿ ಊಟ. ಕ್ವಿಬೆಕ್‌ನವರಿಗೆ ದೆಜುನೆ ಬೆಳಗಿನ ತಿಂಡಿ, ದಿನೆ ಮಧ್ಯಾಹ್ನದ್ದು, ರಾತ್ರಿಯದು ಸುಪೆ. ಚಿತ್ರದಲ್ಲಿ ಚಂದ್ರ ಬಂದಿದ್ದಾನೆ, ದೀಪ ಹಚ್ಚಿದ್ದಾರೆ, ಸಾಲಿನಲ್ಲಿ ದಿನೆ ಎಂದಿದೆ. ನಿಮ್ಮ ಮಗ ತಪ್ಪು ಅಂತ ಜಗಳಕ್ಕೆ ಬಂದರೆ ತಪ್ಪು ಅವನದೂ ಅಲ್ಲ, ನಿಮ್ಮದೂ ಅಲ್ಲ. ನಾವು ಹಾಸನದಲ್ಲಿ ತಿಂಡಿ ಆಯ್ತಾ ಅಂತೀವಿ, ಹುಬ್ಬಳ್ಳಿಯಲ್ಲಿ ನಾಷ್ಟಾ ಆತೇನು ಅಂತಾರೆ. ಹಾಗೇ ಇದೂ.

ಪ್ರಶ್ನೆ: ಮಗ ಸೊಸೆ ಫ್ರಾನ್ಸಿನ ಲಿಯೋನ್‌ನಲ್ಲಿದ್ದಾರೆ. ಮೊಮ್ಮಗನಿಗೆ ಮೂರು ವರ್ಷ. ವಿಡಿಯೊ ಕಾಲ್‌ನಲ್ಲಿ ಎರಡು ನಿಮಿಷಕ್ಕೇ ಓಡಿ ಹೋಗುತ್ತಾನೆ. ಕನ್ನಡ ಫ್ರೆಂಚ್ ಎರಡೂ ಇರುವ ಪುಸ್ತಕ ಎಲ್ಲಿ ಸಿಗುತ್ತದೆ ತಿಳಿಸಿರಿ. ನಾನು ನಿವೃತ್ತ ಶಿಕ್ಷಕ, ವೇಳೆ ಬೇಕಾದಷ್ಟು ಇದೆ.
— ಒಬ್ಬ ಅಜ್ಜ, ಧಾರವಾಡ

ಉತ್ತರ: ಸರ್, ಅಂಗಡಿಗೆ ಹೋಗಿ ಕೊಳ್ಳುವ ಹಾಗೆ ನನಗೆ ಎಲ್ಲೂ ಸಿಕ್ಕಿಲ್ಲ. ಇಂಗ್ಲಿಷ್ ಕನ್ನಡ ಜೋಡಿ ಸಿಗುತ್ತದೆ, ಚೆನ್ನೈನ ತೂಲಿಕಾ ಪ್ರಕಾಶನದವರು ತುಂಬ ವರ್ಷಗಳಿಂದ ತರುತ್ತಿದ್ದಾರೆ. ಫ್ರೆಂಚ್ ಕನ್ನಡ ಬೇಕೆಂದರೆ ನೀವೇ ಮಾಡಬೇಕು. ವೇಳೆ ಇದೆ ಅಂದಿರಲ್ಲ, ಕೇಳಿ.

ಬೆಂಗಳೂರಿನ ಪ್ರಥಮ್ ಬುಕ್ಸ್‌ನವರು 2015ರಲ್ಲಿ ಸ್ಟೋರಿವೀವರ್ ಅನ್ನೋ ಜಾಲತಾಣ ಶುರು ಮಾಡಿದರು. ಮಕ್ಕಳ ಕತೆಗಳು ಚಿತ್ರಗಳ ಸಮೇತ ಉಚಿತ, ಇಳಿಸಿಕೊಳ್ಳಬಹುದು, ಅನುವಾದವನ್ನೂ ಮಾಡಬಹುದು. ಕನ್ನಡವೂ ಇದೆ, ಫ್ರೆಂಚೂ ಇದೆ. ಎರಡರಲ್ಲೂ ಇರುವ ಒಂದು ಕತೆ ಆರಿಸಿ. ಮೊಮ್ಮಗನ ಮನೆಯಲ್ಲಿ ಒಂದು ಪ್ರತಿ, ನಿಮ್ಮ ಕೈಯಲ್ಲಿ ಒಂದು ಪ್ರತಿ. ವಿಡಿಯೊ ಕಾಲ್‌ನಲ್ಲಿ 'ಶಾಲೆಗೆ ಹೋದೆಯಾ, ಊಟ ಮಾಡಿದೆಯಾ' ಅಂದರೆ ಯಾವ ಮಗು ನಿಲ್ಲುತ್ತೆ ಹೇಳಿ? ಇಬ್ಬರೂ ಒಂದೇ ಪುಟ ತೆರೆದು ಕೂತರೆ ನಿಲ್ಲುತ್ತಾನೆ.

ಇನ್ನೊಂದು ಉಪಾಯ ಜಿನೀವಾದ ಶಾಲೆಗಳಿಂದ ಬಂದದ್ದು. 'ಸಾಕ್ ದಿಸ್ತ್ವಾರ್' ಅಂತಾರೆ, ಕತೆಗಳ ಚೀಲ. ಒಂದು ಬಟ್ಟೆ ಚೀಲದಲ್ಲಿ ಫ್ರೆಂಚ್ ಚಿತ್ರಪುಸ್ತಕ, ಅದರ ಕತೆಯ ಅನುವಾದ ಮನೆಮಾತಿನಲ್ಲಿ, ಕತೆಯ ಧ್ವನಿಮುದ್ರಣ, ಒಂದು ಆಟ. ಇಷ್ಟನ್ನೂ ಹಾಕಿ ಮಗುವಿನ ಜೊತೆ ಮನೆಗೆ ಕಳಿಸೋದು. ಅನುವಾದಕ್ಕೆ ಆ ಭಾಷೆ ಬಲ್ಲ ಮನೆಯವರ ನೆರವೂ ಇರುತ್ತದೆ. ಇದನ್ನು ನೋಡಿಯೇ ನಾನೂ ಮಗಳ ಪುಸ್ತಕಗಳಿಗೆ ಕನ್ನಡ ಚೀಟಿ ಅಂಟಿಸಲು ಶುರು ಮಾಡಿದ್ದು. ಸೊಸೆಗೆ ಹೇಳಿ ಅವನಿಗೆ ಇಷ್ಟವಾದ ಪುಸ್ತಕದ ಪುಟಗಳ ಫೋಟೊ ತರಿಸಿಕೊಳ್ಳಿ. ಒಂದೊಂದು ಪುಟಕ್ಕೂ ಕನ್ನಡ ಬರೆದು ಕಳಿಸಿ. ಅಂಟಿಸುವಾಗ ಗೋಂದು ಬೇಡ, ತೆಗೆದು ಹಾಕಬಹುದಾದ ಚೀಟಿ ಸಾಕು. ನನ್ನ ಮೊದಲನೇ ಪುಸ್ತಕದಲ್ಲಿ ಗೋಂದು ಹಚ್ಚಿ ಒಂದು ಆಮೆಯ ಮುಖವೇ ಹೋಯಿತು.

ಬರೆಯುವಾಗ ಒಂದು ತೊಡಕು ಬರುತ್ತದೆ. ಫ್ರೆಂಚಿನಲ್ಲಿ ಎಲ್ಲಕ್ಕೂ ಗಂಡು ಹೆಣ್ಣು ಇದೆ. ತೋಳ ಗಂಡು, ಕಪ್ಪೆ ಹೆಣ್ಣು, ಆಮೆ ಹೆಣ್ಣು, ಇಲಿ ಹೆಣ್ಣು. ಕುರ್ಚಿಯೂ ಹೆಣ್ಣೇ! ನಮ್ಮಲ್ಲಿ ಇಲಿ ಬಂತು, ಕಪ್ಪೆ ಹೋಯಿತು. 'ಇಲಿ ಬಂದಳು' ಅಂತ ಬರೆದರೆ ಕಿವಿಗೆ ಚುಚ್ಚುತ್ತದೆ. ನಾನು ಕಂಡುಕೊಂಡ ದಾರಿ ನಮ್ಮ ಅಜ್ಜಿಯರದ್ದು: ಸಂಬಂಧ ಹಚ್ಚಿಬಿಡೋದು. ಇಲಿಯಕ್ಕ, ಆಮೆಯಮ್ಮ, ಕರಡಿ ಮಾವ. ಆಗ 'ಇಲಿಯಕ್ಕ ಬಂದಳು' ಅಂದರೆ ತಾನಾಗಿ ಕೂರುತ್ತದೆ. ಪ್ರಾಣಿಗಳ ಕೂಗನ್ನೂ ಅನುವಾದ ಮಾಡಿ. ಫ್ರೆಂಚ್ ಹುಂಜ ಕೊಕೊರಿಕೊ ಅನ್ನುತ್ತೆ, ನಾಯಿ ವಾಫ್ ವಾಫ್, ಬಾತುಕೋಳಿ ಕ್ವ್ಯಾಂ ಕ್ವ್ಯಾಂ, ಕಪ್ಪೆ ಕೊಆ ಕೊಆ. ನಮ್ಮ ಕಪ್ಪೆ ವಟ ವಟ. ಎರಡು ದೇಶದ ಕಪ್ಪೆ ಜಗಳ ಆಡೋದನ್ನು ನೀವು ಮಾಡಿ ತೋರಿಸಿದರೆ ಅವನು ಫೋನ್ ಬಿಟ್ಟು ಏಳೋದಿಲ್ಲ.

ಒಂದು ಕೋರಿಕೆ. ಶಿಕ್ಷಕರಾಗಿದ್ದವರು ಅಂದಿರಿ, ಆದರೂ 'ತೋಳವು ಹೋಯಿತು' ಅಂತ ಪಠ್ಯಪುಸ್ತಕದ ಕನ್ನಡ ಬರೆಯಬೇಡಿ. 'ತ್ವಾಳ ಹೋತು' ಅಂತಲೇ ಬರೀರಿ. ಅವನು ಕೇಳಬೇಕಾದದ್ದು ಅಜ್ಜನ ಧಾರವಾಡದ ಮಾತು.

ಪ್ರಶ್ನೆ: ನನ್ನ ಅಕ್ಕನ ಮಗಳಿಗೆ ಆರು ವರ್ಷ. ಬೆಂಗಳೂರಿನಲ್ಲೇ ಇದ್ದಾಳೆ. ನನಗೆ ಕಾಲೇಜಿನಲ್ಲಿ ಕಲಿತ ಫ್ರೆಂಚ್ ಸ್ವಲ್ಪ ಬರುತ್ತದೆ. ಅವಳಿಗೆ ಚಿತ್ರಪುಸ್ತಕ ಓದಿ ಹೇಳಬೇಕು ಅಂತ ಒಂದು ತಂದರೆ, ಮೂರು ವರ್ಷದ ಮಕ್ಕಳ ಪುಸ್ತಕ ನನಗೇ ಅರ್ಥ ಆಗಲಿಲ್ಲ! ಕ್ರಿಯಾಪದಗಳೆಲ್ಲ ವಿಚಿತ್ರ. ಎಲ್ಲಿಂದ ಶುರು ಮಾಡಲಿ?
— ಚಿಕ್ಕಮ್ಮ, ಬೆಂಗಳೂರು

ಉತ್ತರ: ನಿಮ್ಮ ಫ್ರೆಂಚ್ ಕೆಟ್ಟಿಲ್ಲ. ಪುಸ್ತಕ 'ಪಾಸೆ ಸಂಪ್ಲ್' ಅನ್ನೋ ಭೂತಕಾಲದಲ್ಲಿ ಇರಬೇಕು. ಮಾತಿನಲ್ಲಿ ಯಾರೂ ಬಳಸದ, ಬರವಣಿಗೆಗೇ ಮೀಸಲಾದ ರೂಪ ಅದು. ಬಾಯಿಮಾತಿನಲ್ಲಿ 'ತಿಂದ' ಅನ್ನೋಕೆ 'ಆ ಮಾಂಜೆ' ಅಂತಾರೆ, ಪುಸ್ತಕದಲ್ಲಿ 'ಮಾಂಜಾ'. ನಾವು 'ಹೋದ ಬಂದ' ಅಂದುಕೊಂಡು ಪಾಠದಲ್ಲಿ 'ಹೋದನು ಬಂದನು' ಅಂತ ಓದುವುದಿಲ್ಲವೇ? ಹಾಗೆ. ಫ್ರೆಂಚ್ ಮಕ್ಕಳು ಅದನ್ನು ವ್ಯಾಕರಣ ಕಲಿಯೋಕೆ ಮೊದಲೇ ಕಿವಿಯಿಂದ ಹಿಡಿಯುತ್ತಾರೆ. ನನ್ನ ಮಗಳು ಐದನೇ ವರ್ಷದಲ್ಲಿ ಬೊಂಬೆಗಳಿಗೆ ಕತೆ ಹೇಳುವಾಗ ಪಾಸೆ ಸಂಪ್ಲ್, ನನಗೆ ಹಾಲು ಕೇಳುವಾಗ ಮಾಮೂಲು ಫ್ರೆಂಚ್.

ನೀವು ಕೊಳ್ಳೋ ಮೊದಲು ಎರಡು ಪುಟ ತಿರುವಿ ನೋಡಿ. ವರ್ತಮಾನಕಾಲದಲ್ಲಿ ಇದ್ದರೆ ತಗೊಳ್ಳಿ. ಹೊರಗಿನ 'ಮೂರು ವರ್ಷದಿಂದ' ಅನ್ನೋ ಸೂಚನೆ ನಂಬಬೇಡಿ, ಅದು ಫ್ರೆಂಚ್ ಮನೆಮಾತಿನ ಮಕ್ಕಳ ಲೆಕ್ಕ.

ಆರಂಭಕ್ಕೆ ನಾನು ನನ್ನ ಪಾಠದಲ್ಲಿ ಬಳಸೋದು ಎರ್ವೆ ತ್ಯುಲೆಯ 'ಅಂ ಲಿವ್ರ್'. ಅರ್ಥ ಬರೀ 'ಒಂದು ಪುಸ್ತಕ'. 2010ರಲ್ಲಿ ಬಂದದ್ದು. ಕತೆ ಇಲ್ಲ, ಪ್ರಾಣಿ ಇಲ್ಲ. ಬರೀ ಬಣ್ಣದ ಚುಕ್ಕೆಗಳು. ಒತ್ತು ಅನ್ನುತ್ತೆ, ಮಗು ಒತ್ತುತ್ತೆ, ಪುಟ ತಿರುವಿದರೆ ಚುಕ್ಕೆ ಜಾಸ್ತಿ ಆಗಿರುತ್ತೆ. ಉಜ್ಜು ಅಂದರೆ ಬಣ್ಣ ಬದಲು. ಅಲ್ಲಾಡಿಸು, ಓರೆ ಮಾಡು, ಊದು, ಚಪ್ಪಾಳೆ ತಟ್ಟು. ಪೂರ್ತಿ ಕ್ರಿಯಾಪದಗಳೇ, ಅದೂ 'ನೀನು' ರೂಪದಲ್ಲಿ. ಅರ್ಥ ಹೇಳೋ ಕೆಲಸವೇ ಇಲ್ಲ, ಕೈ ಹೇಳುತ್ತದೆ. ಹೋದ ತಿಂಗಳು ನನ್ನ ಹತ್ತಿರ ಬರುವ ಒಬ್ಬ ಹುಡುಗ ಊದು ಅಂದಾಗ ಎಷ್ಟು ಜೋರಾಗಿ ಊದಿದ ಅಂದರೆ ಬಾಯಲ್ಲಿದ್ದ ಚಕ್ಕುಲಿ ಪುಡಿಯೆಲ್ಲ ಪುಟದ ಮೇಲೆ. 'ಆಂಟಿ, ಕಪ್ಪು ಚುಕ್ಕೆನೂ ಬಂತು' ಅಂದ.

ಬೆಂಗಳೂರಿನಲ್ಲಿ ವಸಂತನಗರದ ಅಲಿಯಾನ್ಸ್ ಫ್ರಾನ್ಸೇಸ್ ಅನ್ನೋ ಫ್ರೆಂಚ್ ಕಲಿಸುವ ಸಂಸ್ಥೆಯಲ್ಲಿ ಗ್ರಂಥಾಲಯ ಇದೆ. ಕೊಳ್ಳುವ ಮೊದಲು ಅಲ್ಲಿಗೆ ಅವಳನ್ನು ಕರೆದುಕೊಂಡು ಹೋಗಿ. ಅವಳೇ ಆರಿಸಲಿ, ನೀವು ಸುಮ್ನೆ ಹಿಂದೆ ನಿಲ್ಲಿ.

ಪ್ರಶ್ನೆ: ಮೂವತ್ತು ಪುಟದ ಫ್ರೆಂಚ್ ಚಿತ್ರಪುಸ್ತಕಕ್ಕೆ ಅಷ್ಟೊಂದು ಬೆಲೆ ಯಾಕೆ? ಬೇರೆ ಕಡೆ ರಿಯಾಯಿತಿ ಸಿಗುತ್ತಾ?
— ಓದುಗರು, ಉಡುಪಿ

ಉತ್ತರ: ಫ್ರಾನ್ಸಿನಲ್ಲಿ ಹೊಸ ಪುಸ್ತಕಕ್ಕೆ ಎಲ್ಲಿ ಹೋದರೂ ಹೆಚ್ಚು ಕಡಿಮೆ ಒಂದೇ ಬೆಲೆ. 1981ರಲ್ಲಿ ಜಾಕ್ ಲಾಂಗ್ ಸಂಸ್ಕೃತಿ ಮಂತ್ರಿ ಆಗಿದ್ದಾಗ ತಂದ ಕಾನೂನು ಅದು: ಪ್ರಕಾಶಕರು ಬೆಲೆ ಇಡುತ್ತಾರೆ, ಅಂಗಡಿಯವರು ನೂರಕ್ಕೆ ಐದಕ್ಕಿಂತ ಜಾಸ್ತಿ ಬಿಡುವ ಹಾಗಿಲ್ಲ. ಬೀದಿ ಮೂಲೆಯ ಸಣ್ಣ ಪುಸ್ತಕದಂಗಡಿ ಉಳಿಯಲಿ ಅಂತ. ಗಟ್ಟಿ ರಟ್ಟಿನದು ಹನ್ನೆರಡು ಹದಿನಾಲ್ಕು ಯೂರೋ ಆದರೆ ಅದೇ ಪುಸ್ತಕದ ತೆಳು ರಟ್ಟಿನ ಪ್ರತಿ ಐದಾರು ಯೂರೋಗೆ ಸಿಗುತ್ತದೆ, ಅದನ್ನು ಕೇಳಿ ತರಿಸಿ.

ಹಳೆಯದಕ್ಕೆ ಈ ಕಾನೂನು ಇಲ್ಲ. ಅಲ್ಲಿ ಭಾನುವಾರಗಳಲ್ಲಿ 'ವೀದ್ ಗ್ರೆನಿಯೆ' ನಡೆಯುತ್ತದೆ, ಅಟ್ಟ ಖಾಲಿ ಮಾಡೋ ಸಂತೆ ಅಂತ ಅರ್ಥ. ನನ್ನ ಪೆಟ್ಟಿಗೆಯ ಮುಕ್ಕಾಲು ಪುಸ್ತಕ ಅಲ್ಲಿಂದಲೇ, ಒಂದೊಂದು ಐವತ್ತು ಸೆಂಟಿಗೆ. ಕೆಲವದರಲ್ಲಿ ಯಾವುದೋ ಮಗುವಿನ ಹೆಸರು, ಜ್ಯಾಮ್ ಕಲೆ. ಯಾರಾದರೂ ಊರಿಗೆ ಬರುತ್ತಿದ್ದರೆ ಸಂತೆಯಲ್ಲಿ ಹತ್ತು ಪುಸ್ತಕ ತರಲು ಹೇಳಿ. ಚಾಕೊಲೇಟಿಗಿಂತ ಅಗ್ಗ, ತೂಕ ಮಾತ್ರ ಜಾಸ್ತಿ.

ಪ್ರಶ್ನೆ: ಫ್ರಾನ್ಸಿನ ಗ್ರೆನೋಬಲ್‌ನಿಂದ ಮೊಮ್ಮಗ ರಜಕ್ಕೆ ಬಂದಿದ್ದಾನೆ. ಐದು ವರ್ಷ. ಏನು ಕೇಳಿದರೂ 'ಕಕಾ ಬುದ್ಯಾಂ' ಅನ್ನುತ್ತಾನೆ. ಊಟ ಬೇಕಾ ಅಂದರೂ ಅದೇ, ದೇವರಿಗೆ ಕೈಮುಗಿ ಅಂದರೂ ಅದೇ. ಅದೂ ಬಿದ್ದು ಬಿದ್ದು ನಗುತ್ತ. ಮಗಳು ಅರ್ಥ ಹೇಳುತ್ತಿಲ್ಲ. ಒಂದು ಮೊಲದ ಪುಸ್ತಕ ತೋರಿಸಿ ಇದರಲ್ಲಿದೆ ಅನ್ನುತ್ತಾಳೆ. ಇಂಥದ್ದನ್ನು ಪುಸ್ತಕದಲ್ಲಿ ಅಚ್ಚು ಹಾಕುತ್ತಾರಾ?
— ಒಬ್ಬ ಅಜ್ಜಿ, ಶಿರಸಿ

ಉತ್ತರ: ಅಮ್ಮಾ, ಹಾಕುತ್ತಾರೆ. ಸ್ಟೆಫನಿ ಬ್ಲೇಕ್ ಅವರ ಪುಸ್ತಕ ಅದು, 2002ರದ್ದು. ಹೆಸರೇ 'ಕಕಾ ಬುದ್ಯಾಂ'. ಒಂದು ಮೊಲದ ಮರಿ, ಯಾರು ಏನು ಕೇಳಿದರೂ ಅದೊಂದೇ ಉತ್ತರ ಕೊಡುತ್ತದೆ. ತೋಳ ಬಂದು ನಿನ್ನನ್ನು ತಿನ್ನಲಾ ಅಂದರೂ ಅದೇ. ನೋಡಿ, ಇಲ್ಲೂ ತೋಳ ಬಂತು.

ಮಗಳು ಅರ್ಥ ಹೇಳದ್ದಕ್ಕೆ ಕಾರಣ ಇದೆ. ಮೊದಲ ಅರ್ಧ ನಿಮಗೇ ಗೊತ್ತು, ನಮ್ಮ ಮಕ್ಕಳೂ ಕಕ್ಕ ಅಂತಲೇ ಹೇಳೋದು. ಎರಡನೇ ಅರ್ಧ, ಹೇಗೆ ಹೇಳಲಿ, ಹಂದಿಯ ರಕ್ತ ತುಂಬಿ ಮಾಡುವ ಒಂದು ತಿನಿಸು. ನಿಮ್ಮ ಅಡುಗೆಮನೆಯಲ್ಲಿ ನಿಂತು ಜೋರಾಗಿ ಹೇಳುವ ಮಾತಲ್ಲ. ಆದರೆ ಹುಡುಗನಿಗೆ ಅದ್ಯಾವುದರ ಯೋಚನೆಯೂ ಇಲ್ಲ. ಅಲ್ಲಿನ ಶಿಶುಶಾಲೆಗಳಲ್ಲಿ ಈ ಮಾತು ಬರದ ಮಗುವೇ ಇಲ್ಲ. ನನ್ನ ಮಗಳು ಇದನ್ನು ಒಂದು ಪೂರ್ತಿ ಬೇಸಿಗೆ ಹೇಳಿದ್ದಳು. ಬೈದಷ್ಟೂ ಜಾಸ್ತಿ ಆಯಿತು. ಒಂದು ದಿನ ನಾನೇ ಪುಸ್ತಕ ತೆಗೆದು ಮೊಲದ ದನಿಯಲ್ಲಿ, ಅವಳಿಗಿಂತ ಜೋರಾಗಿ ಓದಿದೆ. ಅಮ್ಮನೇ ಹೇಳಿದ ಮೇಲೆ ಅದರಲ್ಲಿ ಮಜಾ ಉಳಿಯಲಿಲ್ಲ.

ನೀವು ಅಷ್ಟು ಮಾಡಬೇಕಿಲ್ಲ. ಅವನಿಗೆ ಬೇಕಿರೋದು ಬಾಯಿ ತುಂಬುವ, ಹೇಳಿದರೆ ನಗು ಬರುವ ಒಂದು ಶಬ್ದ. ಶಿರಸಿಯಲ್ಲಿ ಅದಕ್ಕೇನು ಬರ? ಅವನ ಎದುರಿಗೇ ಮಡಕೆ ಬೋರಲು ಹಾಕಿ ತೊಡೆದೇವು ಮಾಡಿ. ಕಾಗದದಂಥ ಸಿಹಿ ಕೈಗೆ ಕೊಟ್ಟು, ಪ್ರತಿ ಸಲ ಬೇಕಾದಾಗ ಹೆಸರು ಹೇಳಿಯೇ ಕೇಳಬೇಕು ಅನ್ನಿ. ರಜ ಮುಗಿಯುವಷ್ಟರಲ್ಲಿ ಎಲ್ಲ ಪ್ರಶ್ನೆಗೂ 'ತೊಡೆದೇವು' ಅನ್ನತೊಡಗಿದರೆ ಅರ್ಥ ಕೇಳಿ ಪತ್ರ ಬರೆಯೋ ಸರದಿ ಗ್ರೆನೋಬಲ್‌ನ ಟೀಚರದ್ದು.